ಮನೆಯ ಮುರಬ್ಬವೂ ತಕ್ಕಡಿಯ ಲೆಕ್ಕವೂ

ಚಿಕ್ಕಬಳ್ಳಾಪುರ, ಗೌರಿಬಿದನೂರು, ಚಿಂತಾಮಣಿ ಮತ್ತು ಶಿಡ್ಲಘಟ್ಟ ತಾಲ್ಲೂಕುಗಳು ದೊಡ್ಡ ನಾಲೆಗಳ ಆಸರೆಯಿಲ್ಲದೆ, ಕೆರೆ ಮತ್ತು ಕೊಳವೆಬಾವಿಗಳನ್ನೇ ನಂಬಿ ತೋಟಗಾರಿಕೆಯನ್ನು ಬೆಳೆಸಿಕೊಂಡು ಬಂದಿರುವ ಪ್ರದೇಶಗಳೆಂಬುದು ಸರ್ವವಿದಿತವಾದ ಸಂಗತಿ. ನಂದಿಬೆಟ್ಟದ ಸುತ್ತಿನ ದ್ರಾಕ್ಷಿಯ ಚಪ್ಪರಗಳೂ ಚಿಂತಾಮಣಿ ಶಿಡ್ಲಘಟ್ಟಗಳ ಮಾವಿನ ತೋಪುಗಳೂ ಈ ಸೀಮೆಯ ಒಕ್ಕಲಿಗರ ಜೀವನಾಧಾರಗಳಲ್ಲಿ ಸೇರಿವೆ. ಮಾವು ಬಲಿಯುತ್ತಿರುವ ಹೊತ್ತಿಗೆ ಸರಿಯಾಗಿ ಅಶ್ವಿನಿ ಭರಣಿ ಮಳೆಗಳು ಬಿರುಗಾಳಿಯೊಡನೆ ಬರುವುದುಂಟು. ಒಂದು ರಾತ್ರಿಯ ಗಾಳಿಗೆ ಮರದ ಬುಡದಲ್ಲಿ ಕಾಯಿಗಳು ರಾಶಿಯಾಗಿ ಬೀಳುತ್ತವೆ. ಬಿದ್ದ ಕಾಯಿಯನ್ನು ವರ್ತಕನು ಕೇಳುವುದಿಲ್ಲ. ಕೇಳಿದರೂ ಅವನು ಕೊಡುವ ಬೆಲೆಯು ಮಂಡಿಗೆ ಸಾಗಿಸುವ ಬಾಡಿಗೆಗೆ ಸಾಲದು. ಉಪ್ಪಿನಕಾಯಿಗೆ ನಾಲ್ಕಾರು ಕಿಲೋ ಒಳಗೆ ಬಂದರೆ, ಉಳಿದುದು ಬಿದ್ದಲ್ಲಿಯೇ ಕೊಳೆತು ಹಣ್ಣಿನ ನೊಣಕ್ಕೆ ಆಹಾರವಾಗುತ್ತದೆ.

ಇಂತಹ ಕಾಯಿಯನ್ನು ಸಕ್ಕರೆಯ ಪಾಕದಲ್ಲಿ ಏಲಕ್ಕಿ, ಲವಂಗ, ಚಕ್ಕೆಗಳೊಡನೆ ಕಾಪಿಟ್ಟು ಮುರಬ್ಬ ಮಾಡಿಕೊಳ್ಳಬಹುದೆಂಬ ಉಪದೇಶವು ಹಳೆಯದು. ಉಪದೇಶವು ಸರಿಯಾದುದೇ. ಆದರೆ ಅದನ್ನು ನೀಡುವ ಬಗೆಯಲ್ಲಿ ಎರಡು ಕೊರತೆಗಳು ಉಳಿದುಕೊಂಡಿವೆ. ಮನೆಯ ಮುರಬ್ಬದಿಂದ ಆಗಲಾರದ ಕಾರ್ಯವನ್ನು ಆಗುವುದೆಂದು ಹೇಳುವುದು ಮೊದಲನೆಯದು. ಅದರಿಂದ ಆಗಬಹುದಾದ ಕಾರ್ಯಕ್ಕೆ ಬೇಕಾದ ಅಳತೆಯನ್ನು ಹೇಳದೆ ಬಿಡುವುದು ಎರಡನೆಯದು. ಇವೆರಡನ್ನೂ ತಿದ್ದಿಕೊಂಡಲ್ಲದೆ ಈ ಗೃಹಕಾರ್ಯವು ರೈತಕುಟುಂಬಕ್ಕೆ ನಿಜವಾದ ಪ್ರಯೋಜನವನ್ನು ಕೊಡಲಾರದು.

ಮೊದಲನೆಯದನ್ನು ವಿಚಾರಿಸೋಣ. 2025ರ ಜೂನ್ ತಿಂಗಳಿನಲ್ಲಿ ಆಂಧ್ರಪ್ರದೇಶದ ಚಿತ್ತೂರು ಜಿಲ್ಲೆಯ ಆಡಳಿತವು ಹೊರ ರಾಜ್ಯಗಳ ತೋತಾಪುರಿ ಮಾವು ತನ್ನ ಜಿಲ್ಲೆಯೊಳಗೆ ಬಾರದಂತೆ ತಡೆದಾಗ, ಅಲ್ಲಿನ ಹಣ್ಣಿನ ತಿರುಳಿನ ಕಾರ್ಖಾನೆಗಳನ್ನು ನಂಬಿದ್ದ ಕರ್ನಾಟಕದ ಗಡಿಸೀಮೆಯ ಬೆಳೆಗಾರರು ಕಷ್ಟಕ್ಕೆ ಸಿಲುಕಿದರು. ಧಾರಣೆಯು ಕುಸಿಯಿತು. ಮುಂದೆ ಕೇಂದ್ರ ಸರ್ಕಾರವು ಮಾರುಕಟ್ಟೆ ಮಧ್ಯಪ್ರವೇಶ ಯೋಜನೆಯ ಮೇರೆಗೆ ಕ್ವಿಂಟಾಲಿಗೆ 1616 ರೂಪಾಯಿಗಳನ್ನು ಗೊತ್ತುಮಾಡಿ, ಕರ್ನಾಟಕದ 2.5 ಲಕ್ಷ ಟನ್ನುಗಳವರೆಗಿನ ಮಾವಿಗೆ ಬೆಲೆಯ ಕೊರತೆಯನ್ನು ತುಂಬಿಕೊಡಲು ಒಪ್ಪಿತು. ಇಂತಹ ಸಂದರ್ಭಗಳಲ್ಲಿ, ಮನೆಮನೆಯಲ್ಲಿಯೂ ಹಣ್ಣನ್ನು ಸಂಸ್ಕರಿಸಿದರೆ ಬೆಲೆಯ ಕುಸಿತವನ್ನು ತಡೆಯಬಹುದೆಂಬ ಮಾತು ಸಭೆಗಳಲ್ಲಿ ಕೇಳಿಬರುತ್ತದೆ. ಲೆಕ್ಕ ಹಾಕಿ ನೋಡಬೇಕು. ಒಂದು ಮನೆಯವರು ವರ್ಷಕ್ಕೆ 10 ಕಿಲೋ ಕಾಯಿಯನ್ನು ಮುರಬ್ಬಕ್ಕೆ ಉಪಯೋಗಿಸಿದರೆ, 2.5 ಲಕ್ಷ ಟನ್ನುಗಳು ಮುಗಿಯಲು 2.5 ಕೋಟಿ ಮನೆಗಳು ಬೇಕು. ಇಡೀ ಕರ್ನಾಟಕದಲ್ಲಿ ಅಷ್ಟು ಮನೆಗಳೇ ಇಲ್ಲ. ಆದುದರಿಂದ ಧಾರಣೆಯ ಪ್ರಶ್ನೆಯನ್ನು ಮಂಡಿಯೂ ಕಾರ್ಖಾನೆಯೂ ಸರ್ಕಾರವೂ ಬಗೆಹರಿಸಬೇಕಲ್ಲದೆ, ಅದರ ಭಾರವನ್ನು ಗೃಹಿಣಿಯ ಒಲೆಯ ಮೇಲೆ ಹೊರಿಸುವುದು ನ್ಯಾಯವಲ್ಲ.

ಹಾಗಾದರೆ ಮನೆಯ ಮುರಬ್ಬದ ಉದ್ದೇಶವೇನು? ಮಾರಲಾಗದ ಆದರೆ ಕೆಡದಿರುವ ಕಾಯಿಯು ಮನೆಯವರ ಬಾಯಿಗೆ ಸೇರುವುದು, ಹಣ್ಣಿಲ್ಲದ ತಿಂಗಳುಗಳಲ್ಲಿ ರಾಗಿರೊಟ್ಟಿಗೋ ಚಪಾತಿಗೋ ಒಂದು ರುಚಿಯಾದ ನಂಜಿಕೆ ಒದಗುವುದು, ಅಂಗಡಿಯ ಸಿಹಿತಿಂಡಿಗೆ ಹೋಗುವ ಹಣವು ಸ್ವಲ್ಪವಾದರೂ ಉಳಿಯುವುದು, ಇಷ್ಟೇ. ಇಷ್ಟನ್ನು ಅದು ಚೆನ್ನಾಗಿ ಮಾಡಬಲ್ಲುದು. ಆದರೆ ಇಲ್ಲಿಯೇ ಎರಡನೆಯ ಕೊರತೆಯು ಅಡ್ಡಬರುತ್ತದೆ. ಬಿದ್ದ ಕಾಯಿಗೆ ಬೆಲೆಯಿಲ್ಲದಿರಬಹುದು. ಸಕ್ಕರೆಗೆ ಬೆಲೆಯುಂಟು, ಅದನ್ನು ರೊಕ್ಕ ಕೊಟ್ಟೇ ತರಬೇಕು. ಒಂದು ಭರಣಿ ಮುರಬ್ಬವು ಹುಳಿತುಹೋದರೆ ನಷ್ಟವಾಗುವುದು ಮಾವಿನಕಾಯಿಯಲ್ಲ, ಮನೆಯ ಸಕ್ಕರೆ. ಅಳತೆಯಿಲ್ಲದೆ ಮಾಡಿದ ಪಾಕವು ಒಂದು ವರ್ಷ ನಿಂತು ಮರುವರ್ಷ ಕೆಡುತ್ತದೆ. ಹೀಗೆ ಒಂದೆರಡು ಸಲ ಕೈಸುಟ್ಟುಕೊಂಡ ಮನೆಯವರು ಮೂರನೆಯ ಸಲ ಒಲೆ ಹಚ್ಚುವುದಿಲ್ಲ. ಈ ಕಸುಬು ಹಲವು ಮನೆಗಳಲ್ಲಿ ನಿಂತುಹೋಗಲು ಕೈಗುಣವೆಂಬ ಮಾತಿಗೆ ಕಟ್ಟುಬಿದ್ದು ತಕ್ಕಡಿಯನ್ನು ದೂರವಿಟ್ಟದ್ದೂ ಒಂದು ಕಾರಣವೆಂದು ಹೇಳಬೇಕಾಗುತ್ತದೆ.

ಪಾಕದಲ್ಲಿ ಹಣ್ಣು ಕೆಡದೆ ನಿಲ್ಲುವುದಕ್ಕೆ ಕಾರಣವನ್ನು ತಿಳಿದವರಿಗೆ ಅಳತೆಯ ಅಗತ್ಯವು ತಾನೇ ಹೊಳೆಯುವುದು. ಕಣ್ಣಿಗೆ ಕಾಣದ ಸೂಕ್ಷ್ಮಜೀವಿಗಳೇ ಆಹಾರವನ್ನು ಹುಳಿಯಿಸುತ್ತವೆಂಬುದನ್ನು ಫ್ರಾನ್ಸ್ ದೇಶದ ಲೂಯಿ ಪಾಶ್ಚರ್ ಎಂಬ ವಿಜ್ಞಾನಿಯು 1860ರ ದಶಕದಲ್ಲಿ ಪ್ರಯೋಗಗಳಿಂದ ತೋರಿಸಿಕೊಟ್ಟನು. ಆ ಜೀವಿಗಳು ಬೆಳೆಯಲು ನೀರು ಬೇಕು. ಪಾಕದಲ್ಲಿ ಸಕ್ಕರೆಯ ಅಂಶವು ನೂರಕ್ಕೆ 65ರಿಂದ 70 ಪಾಲಿಗೆ ಏರಿದಾಗ ಅಲ್ಲಿರುವ ನೀರು ಸಕ್ಕರೆಗೆ ಅಂಟಿಕೊಂಡು ಅವುಗಳಲ್ಲಿ ಹೆಚ್ಚಿನವಕ್ಕೆ ಸಾಕಷ್ಟು ದಕ್ಕದಂತಾಗುತ್ತದೆ. ಇದಕ್ಕಿಂತ ಕಡಮೆಯಾದರೆ ನೊರೆಯೆದ್ದು ಹುಳಿಯುವುದು, ಇಲ್ಲವೆ ಬೂಷ್ಟು ಹಿಡಿಯುವುದು. ಬಹಳ ಹೆಚ್ಚಾದರೆ ಸಕ್ಕರೆಯು ಹರಳುಗಟ್ಟುವುದು. ಈ ಕಿರಿದಾದ ಎಲ್ಲೆಯೊಳಗೆ ನಿಲ್ಲಿಸುವುದೇ ಮುರಬ್ಬದ ಗುಟ್ಟು. ಮುರಬ್ಬವೆಂಬ ಶಬ್ದವು ಅರಬ್ಬಿಯಿಂದ ಬಂದುದು. ಸಾಕಿ ಬೆಳೆಸಿದುದು ಎಂಬರ್ಥವು ಅದರಲ್ಲಿದೆ. ದಿನಕ್ಕಿಷ್ಟು ಸಿಹಿಯನ್ನು ಉಣಿಸಿ ಕಾಯಿಯನ್ನು ಹದಕ್ಕೆ ತರುವ ಈ ಕೆಲಸಕ್ಕೆ ಆ ಹೆಸರು ಚೆನ್ನಾಗಿ ಒಪ್ಪುತ್ತದೆ.

ಕಾಯಿಯ ಆಯ್ಕೆಯಲ್ಲಿಯೂ ಒಂದು ತಪ್ಪು ಭಾವನೆಯುಂಟು. ಕೊಳೆಯಲು ಮೊದಲಾದ ಹಣ್ಣನ್ನು ಪಾಕಕ್ಕೆ ಹಾಕಿದರೆ ಅದು ಉಳಿಯುವುದೆಂದು ಅನೇಕರು ತಿಳಿದಿದ್ದಾರೆ. ಪಾಕವು ಒಳ್ಳೆಯದನ್ನು ಒಳ್ಳೆಯದಾಗಿ ಕಾಯುತ್ತದೆಯೇ ಹೊರತು ಕೆಟ್ಟುದನ್ನು ಒಳ್ಳೆಯದು ಮಾಡುವುದಿಲ್ಲ. ಗಾಳಿಗೆ ಬಿದ್ದ ಕಾಯಿಯನ್ನು ಆ ದಿನವೇ ಆರಿಸಿ ತರತಕ್ಕದ್ದು. ಪೆಟ್ಟುಬಿದ್ದ ಭಾಗವನ್ನು ಸುತ್ತಲಿನ ತಿರುಳಿನೊಡನೆ ಕೊಯ್ದು ಎಸೆಯತಕ್ಕದ್ದು. ಸೀಳಿ ಮಣ್ಣು ಸೇರಿದುದನ್ನೂ ಹುಳು ಹೊಕ್ಕುದನ್ನೂ ಗೊಬ್ಬರದ ಗುಂಡಿಗೆ ಬಿಡುವುದೇ ಲೇಸು. ಇತ್ತೀಚೆಗೆ ಔಷಧಿ ಸಿಂಪಡಿಸಿದ ತೋಟದ ಕಾಯಿಯಾದರೆ ಆ ಔಷಧಿಗೆ ಹೇಳಿರುವ ಅವಧಿಯು ಕಳೆಯುವವರೆಗೆ ಉಪಯೋಗಿಸಬಾರದು.

ಎಲ್ಲ ಹಣ್ಣುಗಳೂ ಮುರಬ್ಬಕ್ಕೆ ಸಲ್ಲುವುದಿಲ್ಲವೆಂಬುದನ್ನೂ ಹೇಳಬೇಕು. ನಾರು ಕಡಮೆಯಾಗಿ ತಿರುಳು ಗಟ್ಟಿಯಾಗಿರುವ ಗಿಣಿಮೂತಿ ಮಾವು, ಅಂದರೆ ತೋತಾಪುರಿಯ ಬಲಿತ ಕಾಯಿಯು, ಇದಕ್ಕೆ ಬಹು ಯೋಗ್ಯವಾದುದು. ಗೌರಿಬಿದನೂರಿನ ಕಡೆಯ ಕಡಮೆ ಮಳೆಯ ಹೊಲಗಳ ಬದುವಿಗೆ ಒಪ್ಪುವ ಬೆಟ್ಟದ ನೆಲ್ಲಿಯೂ ಒಳ್ಳೆಯದು. ಅದನ್ನು ಮುಳ್ಳುಚಮಚದಿಂದ ಅಲ್ಲಲ್ಲಿ ಚುಚ್ಚಿ, ಒಗರು ಇಳಿಯಲು ಒಂದು ದಿನ ತೆಳುವಾದ ಉಪ್ಪುನೀರಿನಲ್ಲಿ ನೆನೆಯಿಸಿ ತೊಳೆಯಬೇಕು. ಚಿಕ್ಕಬಳ್ಳಾಪುರದ ಹೆಸರಾದ ಬೆಂಗಳೂರು ನೀಲಿ ದ್ರಾಕ್ಷಿಯ ಸಂಗತಿಯೇ ಬೇರೆ. 2013ರಲ್ಲಿ ಭೌಗೋಳಿಕ ಸೂಚಿಯ ಮನ್ನಣೆಯನ್ನು ಪಡೆದ ಈ ಹಣ್ಣಿಗೆ ಸಿಪ್ಪೆಯು ದಪ್ಪ, ಬೀಜವೂ ಉಂಟು. ಇಡಿಯಾಗಿ ಪಾಕಕ್ಕೆ ಹಾಕಿದರೆ ಸಿಪ್ಪೆಯು ಚರ್ಮದಂತೆ ಬಿಗಿದುಕೊಳ್ಳುವುದು. ಅದರ ಗುಣವಿರುವುದು ರಸದಲ್ಲಿಯೂ ಪರಿಮಳದಲ್ಲಿಯೂ ಆದುದರಿಂದ ಅದನ್ನು ಪಾನಕದ ರಸವನ್ನಾಗಿಯೋ ಜಾಮನ್ನಾಗಿಯೋ ಮಾಡುವುದು ವಿವೇಕ. ಎಲ್ಲಕ್ಕೂ ಒಂದೇ ವಿಧಾನವನ್ನು ಬೋಧಿಸುವ ತರಬೇತಿಯಿಂದ ಹಣ್ಣೂ ಸಕ್ಕರೆಯೂ ಎರಡೂ ಹಾಳು.

ಇನ್ನು ಅಳತೆ. ಗಾಳಿಗೆ ಬಿದ್ದ 10 ಕಿಲೋ ಕಾಯಿಯಲ್ಲಿ ಸಿಪ್ಪೆ, ಓಟೆ, ಪೆಟ್ಟುಬಿದ್ದ ಭಾಗಗಳನ್ನು ಕಳೆದರೆ ಸುಮಾರು ಅರ್ಧದಷ್ಟು ಹೋಳು ದೊರೆಯಬಹುದು. ತೂಕ ಮಾಡಬೇಕಾದುದು ಈ ಹೋಳುಗಳನ್ನೇ ಹೊರತು ಕಾಯಿಗಳನ್ನಲ್ಲ. ಒಂದು ಕಿಲೋ ಹೋಳಿಗೆ ಒಂದು ಕಿಲೋ ಸಕ್ಕರೆ, ಇದು ನೆನಪಿಡಬೇಕಾದ ಮೊದಲನೆಯ ಸೂತ್ರ. ಹೋಳುಗಳನ್ನು ಚುಚ್ಚಿ, ಕುದಿಯುವ ನೀರಿನಲ್ಲಿ ಎರಡು ಮೂರು ನಿಮಿಷ ಅದ್ದಿ ತೆಗೆದು ಬಸಿಯಬೇಕು. ಅವು ಮೆತ್ತಗಾಗಬಾರದೆಂದಿದ್ದರೆ ಅದಕ್ಕೆ ಮುಂಚೆ ಎಲೆಅಡಿಕೆಗೆ ಹಾಕುವ ಸುಣ್ಣದ ತಿಳಿನೀರಿನಲ್ಲಿ ಒಂದು ಗಂಟೆ ನೆನೆಯಿಸಿ ಮೂರು ನಾಲ್ಕು ಸಲ ತೊಳೆಯಬಹುದು. ಸಕ್ಕರೆಯೆಲ್ಲವನ್ನೂ ಒಂದೇ ಸಲ ಹಾಕಕೂಡದು. ಹಾಗೆ ಮಾಡಿದರೆ ಹೋಳಿನೊಳಗಿನ ನೀರು ರಭಸವಾಗಿ ಹೊರಕ್ಕೆ ಬಂದು, ಸಕ್ಕರೆಯು ಒಳಕ್ಕೆ ಹೋಗುವ ಮೊದಲೇ ಹೋಳು ಸುಕ್ಕುಗಟ್ಟಿ ತೊಗಲಿನಂತಾಗುತ್ತದೆ.

ಮೊದಲನೆಯ ದಿನ ಸಕ್ಕರೆಯ ಅರ್ಧಭಾಗವನ್ನು ಹೋಳಿನೊಡನೆ ಪದರಪದರವಾಗಿ ಹರಡಿ ಮುಚ್ಚಿಡತಕ್ಕದ್ದು. ಎರಡನೆಯ ದಿನ ಹೋಳುಗಳನ್ನು ಎತ್ತಿಟ್ಟು, ಬಿಟ್ಟುಕೊಂಡಿರುವ ರಸಕ್ಕೆ ಕಾಲುಭಾಗ ಸಕ್ಕರೆಯನ್ನು ಸೇರಿಸಿ ಕುದಿಸಿ, ಅದನ್ನು ಹೋಳಿನ ಮೇಲೆ ಸುರಿಯತಕ್ಕದ್ದು. ಮೂರನೆಯ ದಿನ ಉಳಿದ ಕಾಲುಭಾಗವನ್ನೂ ಒಂದು ನಿಂಬೆಹಣ್ಣಿನ ರಸವನ್ನೂ ಹಾಕಿ ಹಾಗೆಯೇ ಮಾಡತಕ್ಕದ್ದು. ನಿಂಬೆಯ ಹುಳಿಯಿಂದ ಸಕ್ಕರೆಯು ಹರಳುಗಟ್ಟುವುದು ತಪ್ಪುತ್ತದೆ. ನಾಲ್ಕನೆಯ ಐದನೆಯ ದಿನಗಳಲ್ಲಿ ಪಾಕವನ್ನು ಮಾತ್ರ ಕುದಿಸಿ ಇಂಗಿಸುತ್ತ ಬರಬೇಕು. ಪಾತ್ರೆಯು ಉಕ್ಕಿನದಾಗಿರಬೇಕು, ಹುಳಿಯ ಪದಾರ್ಥವನ್ನು ಕಲಾಯಿಯಿಲ್ಲದ ತಾಮ್ರ ಹಿತ್ತಾಳೆಗಳಲ್ಲಿ ಇಡುವುದು ಅಪಾಯಕರ.

ಪಾಕವು ಯಾವಾಗ ಮುಗಿಯಿತೆಂಬುದನ್ನು ಹಿರಿಯರು ಎಳೆಯಿಂದ ತಿಳಿಯುತ್ತಾರೆ. ಬೆರಳುಗಳ ನಡುವೆ ಒಂದೆಳೆ ಬಂದರೆ ಸಾಕೆಂಬ ಆ ಪರೀಕ್ಷೆಯು ಅನುಭವಿಗಳ ಕೈಯಲ್ಲಿ ತಪ್ಪುವುದಿಲ್ಲ. ಹೊಸಬರ ಕೈಯಲ್ಲಿ ತಪ್ಪುತ್ತದೆ. ಇಲ್ಲಿಯೇ ತಕ್ಕಡಿಯು ನೆರವಾಗುವುದು. ಬರಿಯ ಪಾತ್ರೆಯ ತೂಕವನ್ನು ಮೊದಲೇ ಬರೆದಿಟ್ಟುಕೊಳ್ಳಬೇಕು. ಒಂದು ಕಿಲೋ ಹೋಳೂ ಒಂದು ಕಿಲೋ ಸಕ್ಕರೆಯೂ ಸೇರಿ, ಕಡೆಗೆ ಹೋಳು ಪಾಕಗಳೆರಡರ ತೂಕವು 1.6 ಕಿಲೋಗೆ ಇಳಿದಾಗ ಹದವು ಬಂದಿತೆಂದು ತಿಳಿಯತಕ್ಕದ್ದು. ಇದು ಎರಡನೆಯ ಸೂತ್ರ. ಸಕ್ಕರೆ ಒಂದು ಕಿಲೋ, ಕಾಯಿಯ ಸ್ವಂತ ಸಾರವು ಸುಮಾರು 100 ಗ್ರಾಂ, ಒಟ್ಟು 1.1 ಕಿಲೋ, ಅದು 1.6 ಕಿಲೋದಲ್ಲಿ ನೂರಕ್ಕೆ ಸುಮಾರು 69 ಪಾಲಾಗುವುದು. ಐದು ಕಿಲೋ ಹೋಳಿಗೆ ಐದು ಕಿಲೋ ಸಕ್ಕರೆಯಾದರೆ ಎಂಟು ಕಿಲೋ ಮುರಬ್ಬ. ನೆಲ್ಲಿಯಾದರೆ ಬೀಜದ ತೂಕವನ್ನು ಕಳೆದು ಇದೇ ಲೆಕ್ಕವನ್ನು ಹಿಡಿಯಬಹುದು. ಓದುಬರಹ ಬಲ್ಲ ಮಕ್ಕಳೂ ಮಾಡಬಲ್ಲ ಈ ಲೆಕ್ಕದಲ್ಲಿ ಕೈಗುಣದ ಮಾತೇ ಬರುವುದಿಲ್ಲ.

ಉಷ್ಣಮಾಪಕವನ್ನು ಉಪಯೋಗಿಸುವವರು ಒಂದು ಸಂಗತಿಯನ್ನು ಮರೆಯಬಾರದು. ಪುಸ್ತಕಗಳಲ್ಲಿ ಪಾಕದ ಹದಕ್ಕೆ 105 ಡಿಗ್ರಿ ಸೆಂಟಿಗ್ರೇಡ್ ಎಂದಿರುವುದು ಸಮುದ್ರಮಟ್ಟದ ಊರುಗಳಿಗೆ ಹೇಳಿದ ಮಾತು. ಚಿಕ್ಕಬಳ್ಳಾಪುರವು ಸುಮಾರು 900 ಮೀಟರ್ ಎತ್ತರದಲ್ಲಿರುವುದರಿಂದ ಅಲ್ಲಿ ನೀರು 97 ಡಿಗ್ರಿಯ ಸುಮಾರಿಗೇ ಕುದಿಯುತ್ತದೆ. 1478 ಮೀಟರ್ ಎತ್ತರದ ನಂದಿಬೆಟ್ಟದ ಮೇಲೆ 95ರ ಸುಮಾರಿಗೆ. ಇಲ್ಲಿ 105ರವರೆಗೆ ಕಾಯಿಸಿದವರ ಪಾಕವು ಮಿತಿಮೀರಿ ಗಟ್ಟಿಯಾಗಿ ಹರಳುಗಟ್ಟುವುದು ಆಶ್ಚರ್ಯವಲ್ಲ. ಮೊದಲು ಬರಿಯ ನೀರನ್ನು ಕುದಿಸಿ ಮಾಪಕವನ್ನು ನೋಡಿಕೊಂಡು, ಅದಕ್ಕಿಂತ ಐದು ಡಿಗ್ರಿ ಮೇಲಕ್ಕೆ ಪಾಕವು ಬಂದಾಗ ಇಳಿಸುವುದು ಎಲ್ಲ ಊರುಗಳಿಗೂ ಸಲ್ಲುವ ಕ್ರಮ.

ಮಸಾಲೆಯ ವಿಷಯದಲ್ಲಿಯೂ ಒಂದು ಮಾತು. ಏಲಕ್ಕಿ, ಲವಂಗ, ಚಕ್ಕೆ, ಒಣಶುಂಠಿಗಳನ್ನು ಕುಟ್ಟಿ ತೆಳುಬಟ್ಟೆಯಲ್ಲಿ ಗಂಟುಕಟ್ಟಿ ಕಡೆಯ ಕುದಿಯಲ್ಲಿ ಹಾಕಿ ತೆಗೆದರೆ ಪಾಕವು ತಿಳಿಯಾಗಿಯೂ ಪರಿಮಳವಾಗಿಯೂ ಇರುವುದು. ಕಿಲೋ ಹೋಳಿಗೆ ಎಂಟು ಏಲಕ್ಕಿ, ನಾಲ್ಕು ಲವಂಗ, ಬೆರಳುದ್ದದ ಚಕ್ಕೆ ಸಾಕು. ಲವಂಗ ಹೆಚ್ಚಾದರೆ ಮುರಬ್ಬವು ಕೆಡುವುದಿಲ್ಲವೆಂಬ ನಂಬಿಕೆಯು ಸಲ್ಲದು. ರುಚಿಗಾಗಿ ಹಾಕುವಷ್ಟು ಮಸಾಲೆಯು ಯಾವ ಭರಣಿಯನ್ನೂ ಕಾಯಲಾರದು. ಕಾಯುವುದು ಸಕ್ಕರೆಯ ಪ್ರಮಾಣವೂ ಶುಚಿತ್ವವೂ ಮಾತ್ರ. ಗಾಜಿನ ಭರಣಿಗಳನ್ನು ಕಾಲು ಗಂಟೆಗೂ ಹೆಚ್ಚು ಹೊತ್ತು ಕುದಿಸಿ ಒಣಗಿಸಿ, ಬಿಸಿಯಾಗಿರುವಾಗಲೇ ತುಂಬಿ, ಹೋಳುಗಳು ಪಾಕದಲ್ಲಿ ಮುಳುಗಿರುವಂತೆ ನೋಡಿಕೊಳ್ಳತಕ್ಕದ್ದು. ಒದ್ದೆಯ ಚಮಚವನ್ನು ಅದ್ದಕೂಡದು. ಬೂಷ್ಟು ಕಂಡುಬಂದರೆ ಮೇಲಿನದನ್ನು ಕೆರೆದು ಉಳಿದುದನ್ನು ಮತ್ತೆ ಕುದಿಸುವ ರೂಢಿಯನ್ನು ಬಿಡಬೇಕು. ಕೆಲವು ಬೂಷ್ಟುಗಳ ವಿಷವು ಕುದಿಸಿದರೂ ಹೋಗುವುದಿಲ್ಲ.

ಶಿಡ್ಲಘಟ್ಟ ಮತ್ತು ಚಿಂತಾಮಣಿಯ ರೇಷ್ಮೆ ಮನೆಗಳಿಗೆ ಎರಡು ಸೂಚನೆಗಳು ವಿಶೇಷವಾಗಿ ಬೇಕು. ಕಡೆಯ ಜ್ವರದ ಅನಂತರ ಹುಳುಗಳು ಹಗಲಿರುಳೆನ್ನದೆ ಸೊಪ್ಪು ತಿನ್ನುವ ಆ ಏಳೆಂಟು ದಿನಗಳಲ್ಲಿ ಮನೆಯ ಹೆಂಗಸರಿಗೆ ಬಿಡುವೆಂಬುದಿಲ್ಲ. ಆಗ ಮುರಬ್ಬವನ್ನು ಆರಂಭಿಸಬಾರದು. ಬೇರೆ ದಿನಗಳಲ್ಲಿ, ಮೊದಲ ದಿನದ ಹೆಚ್ಚುವ ಕೆಲಸವನ್ನು ಬಿಟ್ಟರೆ, ಮೇಲೆ ಹೇಳಿದ ಕ್ರಮಕ್ಕೆ ದಿನಕ್ಕೆ ಅರ್ಧ ಗಂಟೆಯಷ್ಟೇ ಸಾಕಾಗುವುದರಿಂದ ಅದು ಆ ಮನೆಗಳಿಗೂ ಹೊಂದುತ್ತದೆ. ಎರಡನೆಯದಾಗಿ, ಹುಳುಮನೆಯನ್ನು ಶುದ್ಧಿಮಾಡಲು ಉಪಯೋಗಿಸುವ ಬ್ಲೀಚಿಂಗ್ ಪುಡಿ, ಫಾರ್ಮಲಿನ್, ಸುಣ್ಣದ ಪುಡಿಗಳೂ ಅವುಗಳಿಗೆ ಬಳಸಿದ ಬಕೆಟ್ಟು ಪಾತ್ರೆಗಳೂ ಅಡಿಗೆಮನೆಯ ಕಡೆಗೆ ಸುಳಿಯಬಾರದು. ಹೋಳು ನೆನೆಯಿಸುವುದಕ್ಕೆ ಹುಳುಮನೆಯ ಸುಣ್ಣವನ್ನು ತೆಗೆದುಕೊಳ್ಳುವುದು ಎಂದಿಗೂ ಕೂಡದು.

ಇಷ್ಟಾದ ಮೇಲೆ ಒಂದು ಆಕ್ಷೇಪಣೆಯು ಉಳಿಯುತ್ತದೆ. ಅಂಗಡಿಯಲ್ಲಿ ದೊರೆಯುವ ವಸ್ತುವಿಗಾಗಿ ಇಷ್ಟು ಶ್ರಮವೇಕೆ ಎಂದು ಕೇಳುವವರುಂಟು. ಪ್ರಶ್ನೆಯು ಯೋಗ್ಯವಾದುದೇ, ಉತ್ತರವನ್ನು ಪ್ರತಿಯೊಂದು ಮನೆಯೂ ಲೆಕ್ಕದ ಪುಸ್ತಕದಲ್ಲಿ ಕಂಡುಕೊಳ್ಳಬೇಕು. ಸಕ್ಕರೆ, ಅನಿಲ ಅಥವಾ ಸೌದೆ, ಭರಣಿ, ಮಸಾಲೆ ಇವುಗಳ ಕ್ರಯದ ಕೆಳಗೆ ಗೃಹಿಣಿಯು ದುಡಿದ ಗಂಟೆಗಳನ್ನೂ ಹೊಲದ ಕೂಲಿಯ ದರದಲ್ಲಿ ಬರೆಯತಕ್ಕದ್ದು. ಹೆಂಗಸರ ದುಡಿಮೆಗೆ ಬೆಲೆಕಟ್ಟದೆ ಲಾಭವೆಂದು ಹೇಳಿಕೊಳ್ಳುವುದು ಲೆಕ್ಕವಲ್ಲ. ಹೀಗೆ ಬರೆದ ಮೇಲೂ ಅಂಗಡಿಯ ಬೆಲೆಗಿಂತ ಕಡಮೆಯಾದರೆ ಮಾಡುವುದು; ಹೆಚ್ಚಾದರೆ ನಾಲ್ಕು ಭರಣಿಗಳಿಗೆ ನಿಲ್ಲಿಸುವುದು. ಸಕ್ಕರೆಯ ಬದಲು ಬೆಲ್ಲವನ್ನು ಹಾಕಿದರೆ ಅಗ್ಗವಾಗುವುದೆಂಬವರು, ಬೆಲ್ಲದಲ್ಲಿ ನೀರೂ ಇತರ ವಸ್ತುಗಳೂ ಸೇರಿರುವುದರಿಂದ ಮೇಲಿನ ತೂಕಗಳು ಅದಕ್ಕೆ ಹಾಗೆಯೇ ಹೊಂದುವುದಿಲ್ಲವೆಂಬುದನ್ನು ಗಮನಿಸಬೇಕು. ಮುರಬ್ಬವು ಹಸಿಯ ಹಣ್ಣಿಗೆ ಬದಲಾಗಲಾರದು. ಮಧುಮೇಹವಿರುವವರಿಗೆ ಅದು ಸಲ್ಲದು. ಮಾರಾಟಕ್ಕೆ ಇಳಿಯುವವರು, ಮನೆಯಲ್ಲಿಯೇ ತಯಾರಿಸಿದರೂ, 2006ರ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಕಾಯಿದೆಯ ಮೇರೆಗೆ ನೋಂದಣಿ ಪಡೆಯಬೇಕು. ಎರಡು ವರ್ಷ ಸ್ವಂತಕ್ಕೆ ಮಾಡಿ, ಒಂದು ಭರಣಿಯೂ ಕೆಡಲಿಲ್ಲವೆಂಬ ಧೈರ್ಯವುಂಟಾದ ಮೇಲೆಯೇ ಸಾಲ ಮಾಡಿ ಮಾರಾಟಕ್ಕೆ ಕೈಹಾಕುವುದು ಸ್ತ್ರೀಶಕ್ತಿ ಸಂಘಗಳಿಗೆ ಕ್ಷೇಮಕರ.

ಈ ಕಾರ್ಯದಲ್ಲಿ ಇಲಾಖೆಗಳ ಹೊಣೆಯೂ ಉಂಟು. 1950ರಲ್ಲಿ ಮೈಸೂರಿನಲ್ಲಿ ಆರಂಭವಾದ ಕೇಂದ್ರೀಯ ಆಹಾರ ತಾಂತ್ರಿಕ ಸಂಶೋಧನಾಲಯದಿಂದ ಈ ಬಗೆಯ ತಿಳಿವಳಿಕೆಯು ಏಳು ದಶಕಗಳಿಂದ ದೊರೆಯುತ್ತಿದೆ. ಚಿಂತಾಮಣಿ ತಾಲ್ಲೂಕಿನ ಕುರುಬೂರಿನಲ್ಲಿ ಕೃಷಿ ವಿಜ್ಞಾನ ಕೇಂದ್ರವಿದೆ. ಹಳ್ಳಿಯ ಒಲೆಯವರೆಗೆ ಆ ತಿಳಿವಳಿಕೆಯು ತಲುಪಬೇಕಾದರೆ ಮೂರು ಕಾರ್ಯಗಳು ನಡೆಯಬೇಕು. ಪ್ರಾತ್ಯಕ್ಷಿಕೆಗಳು ಸುಗ್ಗಿ ಮುಗಿದ ಮೇಲೆ ನಡೆಯದೆ, ಅಶ್ವಿನಿ ಮಳೆಗೆ ಮುಂಚೆಯೇ ಮುಗಿದಿರಬೇಕು. ಗಡಿಯ ಈ ತಾಲ್ಲೂಕುಗಳಲ್ಲಿ ಮನೆಮಾತು ತೆಲುಗಾಗಿರುವ ಕುಟುಂಬಗಳು ಅನೇಕವಿರುವುದರಿಂದ ಕನ್ನಡದೊಡನೆ ತೆಲುಗಿನಲ್ಲಿಯೂ ವಿವರಿಸುವವರಿರಬೇಕು. ಎಲ್ಲಕ್ಕೂ ಮಿಗಿಲಾಗಿ, ಕಲಿಯಲು ಬಂದ ಪ್ರತಿಯೊಂದು ಸಂಘಕ್ಕೂ ಪ್ರಮಾಣಪತ್ರದ ಜೊತೆಗೆ ಒಂದು ತಕ್ಕಡಿಯನ್ನೂ ಒಂದು ಉಷ್ಣಮಾಪಕವನ್ನೂ ಕೊಡಬೇಕು.

ಹೊಲಕ್ಕೆ ಗೊಬ್ಬರವನ್ನು ತೂಗಿ ಹಾಕುವ, ಗೂಡನ್ನು ತೂಗಿ ಮಾರುವ ರೈತನು ಅಡಿಗೆಮನೆಯಲ್ಲಿ ಮಾತ್ರ ಕಣ್ಣಳತೆಯನ್ನು ನಂಬಬೇಕಾದ ಕಾರಣವಿಲ್ಲ. ಒಂದಕ್ಕೆ ಒಂದು ಸಕ್ಕರೆ, ಕಡೆಯ ತೂಕ 1.6, ಈ ಎರಡು ಅಂಕೆಗಳನ್ನು ಅಡಿಗೆಮನೆಯ ಗೋಡೆಯ ಮೇಲೆ ಬರೆದುಕೊಂಡ ಮನೆಯಲ್ಲಿ, ಮುಂದಿನ ಭರಣಿ ಮಳೆಗೆ ಬಿದ್ದ ಕಾಯಿಯು ಕಾರ್ತೀಕದಲ್ಲಿ ಮಕ್ಕಳ ರೊಟ್ಟಿಯ ಪಕ್ಕದಲ್ಲಿರುವುದು. ಬರುವ ವರ್ಷದ ಬಿರುಗಾಳಿಗೆ ಮುಂಚೆ ರೈತಬಾಂಧವರೂ ಗೃಹಿಣಿಯರೂ ಈ ವಿಷಯವನ್ನು ಆಲೋಚಿಸಿ, ಒಂದು ಕಿಲೋದಷ್ಟರಿಂದಲಾದರೂ ಆರಂಭಿಸಿ ನೋಡುವುದು ಉಚಿತವಾಗಿದೆ.